ಉಳಿದವರ ಸಾಕ್ಷಿ

ನೋಯದೆ ಕಲಿತದ್ದು ನಿಲ್ಲುವುದಿಲ್ಲ ಎಂಬ ನಂಬಿಕೆಯೊಂದು ನನ್ನಲ್ಲಿ ಬಹುಕಾಲದಿಂದ ಇತ್ತು. ಅದನ್ನು ನಾನು ಯಾವ ಗ್ರಂಥದಿಂದಲೂ ಪಡೆದದ್ದಲ್ಲ. ಮಗ್ಗಿ ತಪ್ಪಿದರೆ ಅಂಗೈ ಚಾಚಬೇಕಿದ್ದ ಪ್ರಾಥಮಿಕ ಶಾಲೆ, ತಡವಾಗಿ ಬಂದವರನ್ನು ಮೈದಾನ ಸುತ್ತಿಸುತ್ತಿದ್ದ ಹೈಸ್ಕೂಲಿನ ಡ್ರಿಲ್ ಮೇಷ್ಟ್ರು, ಎದುರಿಗೆ ಹೊಗಳಿದರೆ ಮಗ ಕೆಡುತ್ತಾನೆಂದು ತಿಳಿದಿದ್ದ ತಂದೆ, ಇವರ ನಡುವೆ ಬೆಳೆಯುವಾಗ ಅದು ತಾನಾಗಿಯೇ ಮೈಗೆ ಹತ್ತಿತು. ಮುಂದೆ ನಾನೇ ಪದವಿ ಕಾಲೇಜೊಂದರಲ್ಲಿ ಅಧ್ಯಾಪಕನಾದಾಗ ಆ ನಂಬಿಕೆಗೆ ವೃತ್ತಿಯ ಮರ್ಯಾದೆಯೂ ಸೇರಿಕೊಂಡಿತು. ‘ಬಹಳ ಸ್ಟ್ರಿಕ್ಟು’ ಎಂದು ಹುಡುಗರು ಕಾರಿಡಾರಿನಲ್ಲಿ ಮಾತಾಡಿಕೊಳ್ಳುವುದು ಕಿವಿಗೆ ಬಿದ್ದರೆ ಒಳಗೊಳಗೇ ಹಿತವೆನಿಸುತ್ತಿತ್ತು. ಉಳಿಯ ಪೆಟ್ಟು ತಿನ್ನದೆ ಕಲ್ಲು ಮೂರ್ತಿಯಾಗದು ಎಂಬ ಮಾತನ್ನು ಬೀಳ್ಕೊಡುಗೆ ಸಮಾರಂಭಗಳಲ್ಲಿ ನಾನೂ ಆಡಿದ್ದೇನೆ. ಕೇಳಿದವರು ಚಪ್ಪಾಳೆ ತಟ್ಟಿದ್ದಾರೆ.

ಈ ನಂಬಿಕೆಗೆ ಪುರಾವೆ ಇರಲಿಲ್ಲವೆಂದಲ್ಲ. ನಿವೃತ್ತನಾದ ಮೇಲೂ ಮದುವೆ ಮನೆಯಲ್ಲೋ ಬಸ್ ನಿಲ್ದಾಣದಲ್ಲೋ ಹಳೆಯ ವಿದ್ಯಾರ್ಥಿಗಳು ಎದುರಾಗುತ್ತಾರೆ. “ಸಾರ್, ಅವತ್ತು ನೀವು ಹಾಗೆ ಬೈಯದೇ ಇದ್ದಿದ್ದರೆ ನಾನು ಇವತ್ತು ಈ ಸ್ಥಿತೀಲಿ ಇರ್ತಿರ್ಲಿಲ್ಲ” ಎಂದು ಬಗ್ಗಿ ಕಾಲು ಮುಟ್ಟುತ್ತಾರೆ. ಒಬ್ಬ ಬ್ಯಾಂಕ್ ಮ್ಯಾನೇಜರು, ಇನ್ನೊಬ್ಬ ತಹಸೀಲ್ದಾರ, ಮತ್ತೊಬ್ಬಳು ಸ್ವತಃ ಪ್ರಾಂಶುಪಾಲೆ. ಇಷ್ಟು ಮಂದಿ ತಾವಾಗಿ ಬಂದು ಸಾಕ್ಷಿ ಹೇಳುವಾಗ ಮೇಷ್ಟರಾದವನಿಗೆ ಅನುಮಾನ ಹುಟ್ಟುವುದಾದರೂ ಹೇಗೆ? ಆ ಅನುಮಾನ ಹುಟ್ಟಿದ್ದು ಅಮೆರಿಕದ ಮಿನ್ನೆಸೋಟ ರಾಜ್ಯದಲ್ಲಿ, ನಿಯಮವೂ ನನಗೆ ಸರಿಯಾಗಿ ತಿಳಿಯದ ಒಂದು ಆಟವನ್ನು ನೋಡುತ್ತ ಕುಳಿತಿದ್ದಾಗ.

ನನ್ನ ಮಗಳ ಸಂಸಾರ ಸೇಂಟ್ ಕ್ಲೌಡ್ ಎಂಬ ಊರಿನಲ್ಲಿದೆ. ಅವಳ ನೆರೆಯವರು ಹೈಸ್ಕೂಲಿನಲ್ಲಿ ಗಣಿತ ಕಲಿಸಿ ನಿವೃತ್ತರಾದವರು. ಮೇಷ್ಟರುಗಳು ಯಾವ ದೇಶದಲ್ಲಿ ಸಂಧಿಸಿದರೂ ಮಾತಿಗೆ ಬರಗಾಲವಿಲ್ಲ. ಉತ್ತರಪತ್ರಿಕೆಗಳ ಕಷ್ಟ ಎಲ್ಲ ಕಡೆಯೂ ಒಂದೇ. ಅಕ್ಟೋಬರಿನ ಒಂದು ಶನಿವಾರ ಅವರು ತಾವು ಓದಿದ ಕಾಲೇಜಿನ ಪಂದ್ಯ ತೋರಿಸಲೆಂದು ಸಮೀಪದ ಕಾಲೇಜ್‌ವಿಲ್‌ಗೆ ನನ್ನನ್ನು ಕರೆದೊಯ್ದರು. ಅಲ್ಲಿರುವುದು ಸೇಂಟ್ ಜಾನ್ಸ್ ವಿಶ್ವವಿದ್ಯಾಲಯ. ಬೆನೆಡಿಕ್ಟೈನ್ ಪಂಥದ ಸನ್ಯಾಸಿಗಳು 1857ರಲ್ಲಿ ಕಟ್ಟಿದ್ದು. ಇಂದಿಗೂ ಅವರ ಮಠ ಅದೇ ಆವರಣದಲ್ಲಿದೆ. ಹೆಸರು ವಿಶ್ವವಿದ್ಯಾಲಯವೆಂದಿದ್ದರೂ ವಿದ್ಯಾರ್ಥಿಗಳ ಸಂಖ್ಯೆಯಲ್ಲಿ ನಮ್ಮ ತಾಲ್ಲೂಕು ಕೇಂದ್ರದ ಪದವಿ ಕಾಲೇಜಿಗಿಂತ ದೊಡ್ಡದೇನಲ್ಲ. ಸುತ್ತ ಕಾಡು, ಕೆರೆಗಳು, ಮಾರ್ಸೆಲ್ ಬ್ರೂಯರ್ ವಿನ್ಯಾಸಗೊಳಿಸಿದ ಕಾಂಕ್ರೀಟಿನ ಭಾರಿ ಚರ್ಚು. ಕ್ರೀಡಾಂಗಣವಿರುವುದು ಮರಗಳಿಂದ ಆವೃತವಾದ ಒಂದು ತಗ್ಗಿನಲ್ಲಿ.

ಆಟದ ಬಗ್ಗೆ ಎರಡು ಮಾತು ಅಗತ್ಯ. ಅಮೆರಿಕನ್ನರು ಫುಟ್‌ಬಾಲ್ ಎನ್ನುವುದು ನಾವು ಬಲ್ಲ ಕಾಲ್ಚೆಂಡಾಟವಲ್ಲ. ಚೆಂಡನ್ನು ಕೈಯಲ್ಲಿ ಹಿಡಿದು ಓಡುವವನನ್ನು ಎದುರು ತಂಡದವರು ಮೈಮೇಲೆ ಬಿದ್ದು ಕೆಡಹುವ ಆಟ ಅದು. ಶಿರಸ್ತ್ರಾಣ, ಭುಜಕವಚಗಳಿದ್ದರೂ ಡಿಕ್ಕಿಯ ಸದ್ದು ಮೇಲೆ ಕುಳಿತವರಿಗೆ ಕೇಳಿಸುತ್ತದೆ. 1905ರಲ್ಲಿ ಮೈದಾನದ ಸಾವುನೋವುಗಳು ಮಿತಿಮೀರಿ, ಅಧ್ಯಕ್ಷ ಥಿಯೊಡೋರ್ ರೂಸ್‌ವೆಲ್ಟ್ ಕಾಲೇಜುಗಳ ಪ್ರತಿನಿಧಿಗಳನ್ನು ಶ್ವೇತಭವನಕ್ಕೇ ಕರೆಸಿ ಮಾತನಾಡಬೇಕಾಗಿ ಬಂದಿತ್ತು. ಇಂಥ ಆಟವನ್ನು ಕಲಿಸುವವನು ಕಟುವಾಗಿರಬೇಕೆಂಬುದರಲ್ಲಿ ಯಾರಿಗೂ ಸಂದೇಹವಿರಲಿಲ್ಲ. ಏಟು ತಿನ್ನುವ ಕಸುಬಿಗೆ ಏಟು ತಿಂದೇ ತಯಾರಾಗಬೇಕೆಂಬ ತರ್ಕ ಮೇಲುನೋಟಕ್ಕೆ ಸರಿಯಾಗಿಯೇ ಇದೆ.

ಪಂದ್ಯದ ನಡುವೆ ನಾನು ನೆರೆಯವರನ್ನು ಸಹಜವಾಗಿ ಕೇಳಿದೆ: “ನೀವು ತಂಡದಲ್ಲಿ ಯಾವ ಜಾಗದಲ್ಲಿ ಆಡುತ್ತಿದ್ದಿರಿ?”

“ಆಡಿದ್ದು ಕಡಿಮೆ. ಗೆಲುವು ಖಾತ್ರಿಯಾದ ಪಂದ್ಯಗಳ ಕೊನೆಯಲ್ಲಿ ನಾಲ್ಕಾರು ನಿಮಿಷ, ಅಷ್ಟೆ. ಆದರೆ ನಾಲ್ಕು ವರ್ಷವೂ ತಂಡದಲ್ಲಿದ್ದೆ,” ಎಂದರು. ದನಿಯಲ್ಲಿ ಸಂಕೋಚವಿರಲಿಲ್ಲ. ಆಮೇಲೆ ಅವರ ಮಾತಿನಲ್ಲಿ ಜಾನ್ ಎಂಬ ಹೆಸರು ಮತ್ತೆ ಮತ್ತೆ ಬರತೊಡಗಿತು. ಯಾರೋ ಸಹಪಾಠಿ ಇರಬೇಕೆಂದುಕೊಂಡೆ. ಅದು ಅವರ ಕೋಚ್ ಆಗಿದ್ದ ಜಾನ್ ಗಲಾರ್ಡಿಯವರ ಹೆಸರು. 2018ರಲ್ಲಿ, ತೊಂಬತ್ತೊಂದನೆಯ ವಯಸ್ಸಿನಲ್ಲಿ ತೀರಿಕೊಂಡ ಆ ಹಿರಿಯರನ್ನು ಹದಿನೆಂಟರ ಹುಡುಗರೂ ಹೆಸರು ಹಿಡಿದೇ ಕರೆಯುತ್ತಿದ್ದರಂತೆ. ‘ಕೋಚ್’ ಎನ್ನಬಾರದೆಂಬುದು ಅವರದೇ ಅಪ್ಪಣೆ. ಮೇಷ್ಟರ ಹೆಸರನ್ನು ಅವರ ಬೆನ್ನ ಹಿಂದೆಯೂ ಉಚ್ಚರಿಸಲು ಅಳುಕುವ ನಾಡಿನಿಂದ ಹೋದ ನನಗೆ ಇದು ಒಗ್ಗಲಿಲ್ಲ. ಈಗಲೂ ಪೂರ್ತಿ ಒಗ್ಗಿಲ್ಲ. ಆದರೆ ಅವರ ಕತೆಯನ್ನು ತಿಳಿದುಕೊಳ್ಳುತ್ತ ಹೋದಂತೆ, ಅದು ಸಲಿಗೆಯ ಪ್ರದರ್ಶನವಲ್ಲ, ಒಂದು ದೀರ್ಘ ವಿಚಾರಣೆಯ ಭಾಗವೆಂದು ಮನವರಿಕೆಯಾಯಿತು.

ಆ ವಿಚಾರಣೆ ಆರಂಭವಾದದ್ದು ಕೊಲರಾಡೊ ರಾಜ್ಯದ ಟ್ರಿನಿಡಾಡ್ ಎಂಬ ಊರಿನಲ್ಲಿ. ಇಟಲಿಯಿಂದ ವಲಸೆ ಬಂದ ಕುಟುಂಬದ ಮಗ ಗಲಾರ್ಡಿ ಹುಟ್ಟಿದ್ದು 1926ರಲ್ಲಿ. 1943ರಲ್ಲಿ ಅವರು ಅಲ್ಲಿನ ಕ್ಯಾಥೊಲಿಕ್ ಹೈಸ್ಕೂಲಿನ ತಂಡದ ನಾಯಕರಾಗಿದ್ದಾಗ ಕೋಚ್‌ಗೆ ಯುದ್ಧದ ಕರೆ ಬಂತು. ಕಲಿಸುವವರಿಲ್ಲದ ಮೇಲೆ ಆಟವನ್ನೇ ನಿಲ್ಲಿಸಿಬಿಡೋಣವೆಂದು ಶಾಲೆ ಯೋಚಿಸಿತು. ಹದಿನಾರರ ಹುಡುಗ ಹೋಗಿ, ನಾನೇ ನಡೆಸುತ್ತೇನೆ, ಬಿಡಿ ಎಂದು ಒಪ್ಪಿಸಿದ. ಹಾಗೆ ಆಡುವ ಹುಡುಗನೇ ಆಡಿಸುವವನಾದ.

ಅಧಿಕಾರ ಕೈಗೆ ಬಂದೊಡನೆ ಆ ಹುಡುಗ ಮಾಡಿದ್ದು, ತನಗೂ ತನ್ನ ಗೆಳೆಯರಿಗೂ ಹಿಂಸೆಯೆನಿಸಿದ್ದ ಒಂದೊಂದನ್ನೇ ತೆಗೆದುಹಾಕಿದ್ದು. ಅಭ್ಯಾಸದ ನಡುವೆ ನೀರು ಕುಡಿಯಬಾರದೆಂಬ ಕಟ್ಟಳೆಯಿತ್ತು. ಬಾಯಾರಿಕೆ ತಡೆದರೆ ಗಂಡಸುತನ ಬರುತ್ತದೆಂಬುದು ಆ ಕಾಲದ ಬಹಳಷ್ಟು ಕೋಚ್‌ಗಳ ನಂಬಿಕೆ. ಅದು ಹೋಯಿತು. ಮೊಣಕಾಲು ಮಡಿಸಿ ಬಾತುಕೋಳಿಯಂತೆ ನಡೆಯುವ ಕಸರತ್ತು ಹೋಯಿತು. ಗಮನಿಸಬೇಕಾದ ವಿಷಯವೆಂದರೆ, ಆತನಿಗೆ ಕೋಚ್‌ಗಿರಿಯನ್ನು ಯಾರೂ ಹೇಳಿಕೊಟ್ಟಿರಲಿಲ್ಲ. ಹೇಳಿಕೊಟ್ಟಿದ್ದರೆ ನೀರಿನ ಕಟ್ಟಳೆಯನ್ನೂ ಅದರ ಸಮರ್ಥನೆಯನ್ನೂ ಜೊತೆಜೊತೆಯಾಗಿಯೇ ಕಲಿತುಬಿಡುತ್ತಿದ್ದ.

ಇಲ್ಲಿ ನನ್ನನ್ನು ನಾನು ಕೇಳಿಕೊಳ್ಳಬೇಕಾಯಿತು. ವಿದ್ಯಾರ್ಥಿಯಾಗಿದ್ದಾಗ ನನಗೂ ಹತ್ತಾರು ಸಂಗತಿಗಳು ಅರ್ಥಹೀನವೆನಿಸಿದ್ದವು. ಅಧ್ಯಾಪಕನಾಗುವಷ್ಟರಲ್ಲಿ ಅವೆಲ್ಲ ಅರ್ಥಪೂರ್ಣವಾದವು. ನಡುವೆ ಆದದ್ದೇನು? ವಿವೇಕ ಬೆಳೆಯಿತೋ, ಅಥವಾ ನಾನು ಬೆಂಚಿನಿಂದ ಎದ್ದು ಮೇಜಿನ ಬಳಿಗೆ ಬಂದೆನೋ? ಪೆಟ್ಟು ತಿನ್ನುವ ಸರದಿ ಮುಗಿದವನಿಗೆ ಪೆಟ್ಟಿನ ಉಪಯೋಗಗಳು ಬೇಗ ಕಾಣತೊಡಗುತ್ತವೆ. ಗಲಾರ್ಡಿಯವರ ಅದೃಷ್ಟವೆಂದರೆ, ಅವರು ಬೆಂಚಿನ ಮೇಲಿರುವಾಗಲೇ ಮೇಜಿನ ಅಧಿಕಾರ ಸಿಕ್ಕಿತು. ಎರಡರ ನಡುವೆ ಮರೆಯಲು ಸಮಯವೇ ಇರಲಿಲ್ಲ.

ಹೈಸ್ಕೂಲಿನ ತಂಡಗಳನ್ನು ನಡೆಸುತ್ತಲೇ ಕೊಲರಾಡೊ ಕಾಲೇಜಿನಲ್ಲಿ ಓದಿ, 1949ರಲ್ಲಿ ಪದವಿ ಮುಗಿಸಿ ಮೊಂಟಾನಾದ ಹೆಲೆನಾದಲ್ಲಿರುವ ಕ್ಯಾರಲ್ ಕಾಲೇಜಿಗೆ ಕೋಚ್ ಆದರು. ನಾಲ್ಕು ಋತುಗಳಲ್ಲಿ 24 ಗೆಲುವು, 6 ಸೋಲು, 1 ಸಮ. 1953ರಲ್ಲಿ ಕಾಲೇಜ್‌ವಿಲ್‌ಗೆ ಬಂದರು. ಅವರಿಗಿಂತ ಮುಂಚೆ ಅಲ್ಲಿದ್ದವರು ವೃತ್ತಿಪರ ಫುಟ್‌ಬಾಲ್‌ನ ದೊಡ್ಡ ಹೆಸರು, ಜಾನಿ ಬ್ಲಡ್ ಮೆಕ್‌ನಾಲಿ. ಅಂಥವರ ಜಾಗಕ್ಕೆ ಬಂದ ಇಪ್ಪತ್ತಾರರ ತರುಣ ಆ ಹುದ್ದೆ ಬಿಟ್ಟದ್ದು 2012ರಲ್ಲಿ, ಎಂಬತ್ತಾರನೆಯ ವಯಸ್ಸಿನಲ್ಲಿ. ಅರವತ್ತು ಋತು, ಒಂದೇ ಮೈದಾನ.

ಆ ಅರವತ್ತು ವರ್ಷಗಳಲ್ಲಿ ಅವರ ‘ಬೇಡ’ಗಳ ಪಟ್ಟಿ ಉದ್ದವಾಗುತ್ತಲೇ ಹೋಯಿತು. ಅಭ್ಯಾಸದಲ್ಲಿ ಟ್ಯಾಕಲ್ ಬೇಡ. ಕೆಡಹುವ ಆಟದಲ್ಲಿ ಕೆಡಹುವುದು ಪಂದ್ಯದ ದಿನ ಮಾತ್ರ. ಸೀಟಿ ಬೇಡ, ಕಿರುಚಾಟ ಬೇಡ. ಮೈದಾನ ಸುತ್ತಿಸುವ ಶಿಕ್ಷೆ ಬೇಡ. ತಳ್ಳುವುದನ್ನು ಕಲಿಸಲು ಎಲ್ಲ ತಂಡಗಳೂ ಇಟ್ಟುಕೊಳ್ಳುವ ಭಾರದ ಬಂಡಿಗಳು ಬೇಡ. ಒಂದೂವರೆ ಗಂಟೆ ಮೀರಿ ಅಭ್ಯಾಸ ಬೇಡ. ಸೊಳ್ಳೆಯ ಕಾಟ ಹೆಚ್ಚಾದ ಸಂಜೆ ಅಷ್ಟೂ ಬೇಡ. ಹೊಸಬರನ್ನು ಗೋಳುಹೊಯ್ದುಕೊಳ್ಳುವುದು ಬೇಡವೇ ಬೇಡ. ತಂಡಕ್ಕೆ ಸೇರಬಯಸಿ ಬಂದವನನ್ನು ಕೈಬಿಡುವುದೂ ಬೇಡ. ನಿಯಮವೆಂದು ಇದ್ದದ್ದು ಒಂದೇ: ನಿನ್ನನ್ನು ಇತರರು ಹೇಗೆ ನಡೆಸಿಕೊಳ್ಳಬೇಕೆಂದು ಬಯಸುವೆಯೋ ಹಾಗೆ ಅವರನ್ನು ನಡೆಸಿಕೊ. ಉಳಿದ ತಂಡಗಳು ಸಾಲಾಗಿ ನಿಂತು ಕವಾಯತು ಮಾಡುವ ಹೊತ್ತಿನಲ್ಲಿ ಇವರ ಹುಡುಗರು ಹುಲ್ಲಿನ ಮೇಲೆ ಅಂಗಾತ ಮಲಗಿ, ಆಕಾಶ ನೋಡುತ್ತ, ಎಷ್ಟು ಚೆಂದದ ದಿನ ಎಂದು ಒಬ್ಬರಿಗೊಬ್ಬರು ಹೇಳಿಕೊಳ್ಳುವ ‘ವ್ಯಾಯಾಮ’ವೂ ಇತ್ತು. ನೆರೆಯವರು ಇದನ್ನು ಬಣ್ಣಿಸುವಾಗ ನನಗೆ ನಗು ಬಂತು. ಕವಾಯತಿಗೆ ಕವಾಯತಿನ ವೇಷದಲ್ಲೇ ಮಾಡಿದ ಅಣಕು ಅದು, ನಗಿಸಲೆಂದೇ ಇದ್ದದ್ದು.

ಹಾಗಾದರೆ ಇದು ಸೋಮಾರಿಗಳ ಸ್ವರ್ಗವೇ? ನನ್ನ ಮೊದಲ ಅನುಮಾನ ಅದೇ. ನೆರೆಯವರು ತಲೆಯಾಡಿಸಿದರು. ಟ್ಯಾಕಲ್ ಇಲ್ಲದೆ ಉಳಿದ ಸಮಯವೆಲ್ಲ ತಿದ್ದುವುದಕ್ಕೆ ಹೋಗುತ್ತಿತ್ತಂತೆ. ಎದುರಾಳಿ ಹೀಗೆ ನಿಂತರೆ ನೀನು ಎಲ್ಲಿರಬೇಕು, ಹಾಗೆ ಸರಿದರೆ ಯಾವ ಕಡೆ ತಿರುಗಬೇಕು ಎಂಬುದನ್ನು ನಡೆಯುವ ವೇಗದಲ್ಲಿ ಮತ್ತೆ ಮತ್ತೆ ಮಾಡಿಸುವುದು. ಪಂದ್ಯಗಳ ಚಿತ್ರಗಳನ್ನು ನಿಲ್ಲಿಸಿ ನಿಲ್ಲಿಸಿ ತೋರಿಸುವುದು. ಕಾಲು ಒಂದಡಿ ಆಚೆ ಬಿದ್ದಿದ್ದರೆ ಅಲ್ಲಿಗೇ ತಡೆದು ಮೊದಲಿನಿಂದ ಮಾಡಿಸುವುದು. “ಬೈಗುಳವಾದರೆ ಕೇಳಿಸಿಕೊಂಡು ಮರೆತುಬಿಡಬಹುದಿತ್ತು. ಜಾನ್‌ ಕಣ್ಣಿನಿಂದ ತಪ್ಪಿಸಿಕೊಳ್ಳಲು ಆಗುತ್ತಿರಲಿಲ್ಲ,” ಎಂದರು ಅವರು.

ಈ ಮಾತು ನನ್ನ ಹಳೆಯ ಲೆಕ್ಕಾಚಾರವನ್ನು ಕೆದಕಿತು. ಕೆಲಸದ ಕಠಿಣತೆ ಮತ್ತು ಕಲಿಸುವವನ ಕಟುತನ ಒಂದೇ ಎಂದು ನಾನು ಭಾವಿಸಿದ್ದೆ. ಒಂದನ್ನು ಇಳಿಸಿದರೆ ಇನ್ನೊಂದೂ ತಾನಾಗಿ ಇಳಿಯುತ್ತದೆಂದು. ಆದರೆ ಕೆಲಸ ಎಷ್ಟು ಕಷ್ಟದ್ದು ಎಂಬುದು ಬೇರೆ, ಅದನ್ನು ಮಾಡಿಸುವವನು ಎಷ್ಟು ನೋಯಿಸುತ್ತಾನೆ ಎಂಬುದು ಬೇರೆ. ತರಗತಿಯಲ್ಲಿ ನಾನು ಗದರುತ್ತಿದ್ದ ಹೊತ್ತಿನಲ್ಲಿ ಆ ಹುಡುಗನ ಪ್ರಬಂಧದ ಮೂರನೆಯ ಪ್ಯಾರಾ ಏಕೆ ಕುಂಟುತ್ತಿದೆ ಎಂದು ಹೇಳಬಹುದಿತ್ತಲ್ಲವೆ? ಗದರುವುದು ಸುಲಭ, ಅರೆನಿಮಿಷದ ಕೆಲಸ. ಮೂರನೆಯ ಪ್ಯಾರಾವನ್ನು ತಿದ್ದಲು ಅದನ್ನು ಓದಿರಬೇಕು. ಶಿಸ್ತೆಂದು ನಾವು ಕರೆಯುವುದರಲ್ಲಿ ಎಷ್ಟು ಪಾಲು ಕಲಿಸುವವನ ಆಲಸ್ಯವಿದೆ ಎಂಬುದನ್ನು ಯಾರಾದರೂ ಅಳೆದು ನೋಡಬೇಕು.

ಇನ್ನು ಗೆಲುವಿನ ಲೆಕ್ಕ. ಒಟ್ಟು 489 ಗೆಲುವು, 138 ಸೋಲು, 11 ಸಮ. ಅಮೆರಿಕದ ಕಾಲೇಜು ಫುಟ್‌ಬಾಲ್‌ನ ಇತಿಹಾಸದಲ್ಲಿ ಇಷ್ಟು ಗೆದ್ದ ಕೋಚ್ ಇನ್ನೊಬ್ಬರಿಲ್ಲ. 1963, 1965, 1976, 2003ರಲ್ಲಿ ರಾಷ್ಟ್ರೀಯ ಪ್ರಶಸ್ತಿ. 2003ರ ನವೆಂಬರಿನಲ್ಲಿ, ಎಪ್ಪತ್ತೇಳು ತುಂಬಿದ ಒಂದು ವಾರಕ್ಕೆ, ಗ್ರ್ಯಾಂಬ್ಲಿಂಗ್‌ನ ಕೋಚ್ ಎಡ್ಡಿ ರಾಬಿನ್‌ಸನ್ನರ 408 ಗೆಲುವುಗಳ ದಾಖಲೆ ದಾಟಿದರು. ಮರುತಿಂಗಳ ಅಂತಿಮ ಪಂದ್ಯದಲ್ಲಿ, ಸತತ 55 ಪಂದ್ಯ ಗೆದ್ದು ಬಂದಿದ್ದ ಮೌಂಟ್ ಯೂನಿಯನ್ ತಂಡವನ್ನು 24-6ರಿಂದ ಸೋಲಿಸಿದರು. ಇದೆಲ್ಲ ಆದದ್ದು ಆಟಕ್ಕೆಂದು ವಿದ್ಯಾರ್ಥಿವೇತನ ಕೊಡಲು ಅವಕಾಶವೇ ಇಲ್ಲದ ಮೂರನೆಯ ದರ್ಜೆಯ ಕಾಲೇಜು ವಿಭಾಗದಲ್ಲಿ. ಅಲ್ಲಿನ ಹುಡುಗರು ಓದಲು ಬಂದು, ಜೊತೆಗೆ ಆಡುವವರು.

ಈ ಅಂಕಿಗಳನ್ನು ಬರೆಯುವಾಗ ನನಗೊಂದು ಕಸಿವಿಸಿ. ನಾನು ಗಲಾರ್ಡಿಯವರ ಮಾತಿಗೆ ಕಿವಿಗೊಡುತ್ತಿರುವುದು ಅವರು ಗೆದ್ದದ್ದರಿಂದಲ್ಲವೆ? ಇದೇ ಮನುಷ್ಯ ಇದೇ ಕ್ರಮದಲ್ಲಿ ಕಲಿಸಿ, ಅರ್ಧಕ್ಕರ್ಧ ಸೋತು, ಹತ್ತು ವರ್ಷದಲ್ಲಿ ಕೆಲಸ ಕಳೆದುಕೊಂಡಿದ್ದರೆ ಒಳ್ಳೆಯವನು, ಆದರೆ ಮೆತ್ತಗಿನವನು ಎಂದು ಜಗತ್ತು ಪಕ್ಕಕ್ಕೆ ಸರಿಸುತ್ತಿತ್ತು. ಬಾಯಾರಿದ ಹುಡುಗನಿಗೆ ನೀರು ಕೊಡುವುದು ಸರಿಯೆಂದು ಸಾಬೀತಾಗಲು 489 ಗೆಲುವು ಬೇಕೆ? ದಯೆಗೆ ಫಲಿತಾಂಶದ ಜಾಮೀನು ಕೇಳುವವರು ಕ್ರೌರ್ಯಕ್ಕೆ ಯಾವ ಜಾಮೀನನ್ನೂ ಕೇಳುವುದಿಲ್ಲ.

ಕ್ರೌರ್ಯದ ಪರವಾದ ಸಾಕ್ಷಿಯನ್ನೂ ನೋಡೋಣ. ಗಲಾರ್ಡಿ ಕಾಲೇಜ್‌ವಿಲ್‌ಗೆ ಬಂದ ಮರುವರ್ಷ, 1954ರಲ್ಲಿ, ಟೆಕ್ಸಾಸ್ ಎ ಅಂಡ್ ಎಂ ಕಾಲೇಜಿಗೆ ಬೇರ್ ಬ್ರಯಂಟ್ ಹೊಸ ಕೋಚ್ ಆಗಿ ಬಂದರು. ಬರದಿಂದ ಒಣಗಿದ್ದ ಜಂಕ್ಷನ್ ಎಂಬ ಊರಿಗೆ ಹುಡುಗರನ್ನು ಬಸ್ಸುಗಳಲ್ಲಿ ಕರೆದೊಯ್ದು, ಹತ್ತು ದಿನ ಸುಡುಬಿಸಿಲಿನಲ್ಲಿ, ನೀರಿನ ಬಿಡುವಿಲ್ಲದೆ ದುಡಿಸಿದರು. ಬಿಸಿಲಾಘಾತಕ್ಕೆ ಸಿಕ್ಕ ಒಬ್ಬ ಹುಡುಗ ಸಾವಿನ ಬಾಯಿಯಿಂದ ಮರಳಿದ. ರಾತ್ರೋರಾತ್ರಿ ಗಂಟುಮೂಟೆ ಕಟ್ಟಿಕೊಂಡು ಹೋದವರು ಹಲವರು. ಕೊನೆಯಲ್ಲಿ ಉಳಿದವರು ಅರ್ಧಕ್ಕಿಂತ ಕಡಿಮೆ. ಆ ವರ್ಷ ತಂಡ ಗೆದ್ದದ್ದು ಒಂದು ಪಂದ್ಯ, ಸೋತದ್ದು ಒಂಬತ್ತು. ಎರಡು ವರ್ಷಗಳ ನಂತರ ಅದೇ ತಂಡ ಸೋಲಿಲ್ಲದೆ ತನ್ನ ವಲಯದ ಪ್ರಶಸ್ತಿ ಗೆದ್ದಿತು. ಜಂಕ್ಷನ್ ಒಂದು ದಂತಕತೆಯಾಯಿತು. ಅದರ ಮೇಲೆ ಪುಸ್ತಕ ಬಂತು, ಸಿನಿಮಾ ಬಂತು. ಉಳಿದವರು ಮುಪ್ಪಿನಲ್ಲಿಯೂ ಕೂಡಿ, ಆ ಹತ್ತು ದಿನಗಳೇ ನಮ್ಮನ್ನು ಗಂಡಸರನ್ನಾಗಿ ಮಾಡಿದವು ಎಂದು ಹೆಮ್ಮೆಪಟ್ಟರು. ಅವರು ಸುಳ್ಳು ಹೇಳುತ್ತಿದ್ದರೆಂದು ನಾನು ಎಣಿಸುವುದಿಲ್ಲ. ಬದುಕಿನ ಅತ್ಯಂತ ಕಠಿಣ ದಿನಗಳಿಗೆ ಅರ್ಥವಿರಲೇಬೇಕೆಂಬ ಹಸಿವು ಎಲ್ಲರಿಗೂ ಇರುತ್ತದೆ. ಪಟ್ಟ ಕಷ್ಟ ವ್ಯರ್ಥವೆಂದು ಒಪ್ಪಿಕೊಳ್ಳುವುದು ಪಡುವುದಕ್ಕಿಂತ ಕಷ್ಟ.

ಆದರೆ ಆ ಸಂತೋಷಕೂಟಗಳಿಗೆ ರಾತ್ರಿ ಎದ್ದು ಹೋದವರ ಹೇಳಿಕೆ ಬಂದಿರಲಾರದು. ಅವರಲ್ಲಿಯೂ ಒಳ್ಳೆಯ ಆಟಗಾರರಿದ್ದಿರಬೇಕು. ನಿಧಾನವಾಗಿ ಅರಳಬೇಕಾಗಿದ್ದವರು, ಆ ವಾರ ಜ್ವರ ಬಂದಿದ್ದವರು, ಅಥವಾ ಇದು ಹುಚ್ಚುತನವೆಂದು ಸರಿಯಾಗಿಯೇ ಕಂಡುಕೊಂಡವರು. ಅವರ ಮಾತು ದಾಖಲೆಗೆ ಸೇರುವುದಿಲ್ಲ. ಬಿಟ್ಟುಹೋದವನು ಕೈಲಾಗದವನು ಎಂದು ಮೊದಲೇ ತೀರ್ಪಾಗಿರುತ್ತದೆ. ನನ್ನ ಮೆಚ್ಚಿನ ಗಾದೆಯ ಮಾತನ್ನು ಇಲ್ಲಿ ಮತ್ತೊಮ್ಮೆ ತೆಗೆದು ನೋಡಬೇಕು. ಉಳಿಯ ಪೆಟ್ಟು ತಿಂದು ಮೂರ್ತಿಯಾದ ಕಲ್ಲು ಗರ್ಭಗುಡಿಯಲ್ಲಿದೆ. ನಾವು ಕೈಮುಗಿಯುವುದು ಅದಕ್ಕೆ. ಅದೇ ಉಳಿಗೆ ಸೀಳಿಹೋದ ಕಲ್ಲುಗಳು ಎಲ್ಲಿ ಬಿದ್ದಿವೆಯೆಂದು ಯಾವ ಭಕ್ತನೂ ವಿಚಾರಿಸುವುದಿಲ್ಲ. ಶಿಲ್ಪಿಗಾದರೆ ಅದು ಗೊತ್ತಿರುತ್ತದೆ. ಅದಕ್ಕೇ ಅವನು ಮೊದಲು ಕಲ್ಲನ್ನು ತಟ್ಟಿ, ದನಿ ಕೇಳಿ, ಆಮೇಲೆ ಉಳಿ ಎತ್ತುತ್ತಾನೆ.

ಕಾಲು ಮುಟ್ಟಿ ನಮಸ್ಕರಿಸಿದ ನನ್ನ ವಿದ್ಯಾರ್ಥಿಗಳ ಸಾಕ್ಷಿಯೂ ಇದೇ ಬಗೆಯದು. ಅವರು ಬಂದದ್ದು ನಿಂತದ್ದರಿಂದ. ಎರಡನೆಯ ಸೆಮಿಸ್ಟರಿನ ಹೊತ್ತಿಗೆ ಹಾಜರಿ ಪುಸ್ತಕದಿಂದ ಕಾಣೆಯಾದ ಹೆಸರುಗಳು ಪ್ರತಿ ವರ್ಷವೂ ಇರುತ್ತಿದ್ದವು. ಮನೆಯ ಬಡತನ, ಬಸ್ಸಿನ ತೊಂದರೆ, ಮದುವೆ, ಕೂಲಿ, ಕಾರಣಗಳು ನೂರು. ಅವುಗಳಲ್ಲಿ ತರಗತಿಯ ಭಯಕ್ಕೂ ಪಾಲಿತ್ತೋ ಇಲ್ಲವೋ ನಾನು ಕೇಳಿ ನೋಡಿದವನಲ್ಲ. ಹಾಗೆ ಹೋದವರು ಬಸ್ ನಿಲ್ದಾಣದಲ್ಲಿ ನನ್ನನ್ನು ಕಂಡರೆ ಕಂಬದ ಮರೆಗೆ ಸರಿಯುತ್ತಿರಬಹುದು. ನಿಂತವರು ನನ್ನ ಬೈಗುಳದಿಂದ ನಿಂತರೋ, ಬೈಗುಳವಿದ್ದರೂ ನಿಂತರೋ ಎಂಬುದನ್ನು ಅವರ ಕೃತಜ್ಞತೆ ತೀರ್ಮಾನಿಸಲಾರದು.

ಗಲಾರ್ಡಿಯವರ ‘ಬೇಡ’ಗಳಲ್ಲಿ ಯಾರನ್ನೂ ಕೈಬಿಡಬೇಡ ಎಂಬುದು ನನಗೆ ಎಲ್ಲಕ್ಕಿಂತ ದೊಡ್ಡದಾಗಿ ಕಾಣುವುದು ಈ ಕಾರಣಕ್ಕೆ. ಟ್ಯಾಕಲ್ ನಿಲ್ಲಿಸಿದರೆ ಗಾಯ ಕಡಿಮೆಯಾಗುತ್ತದೆ. ಅದರ ಲಾಭ ಪಂದ್ಯದ ದಿನವೇ ಕೈಗೆ ಬರುತ್ತದೆ. ಮೈದಾನಕ್ಕಿಳಿಯುವ ಯೋಗ್ಯತೆಯಿಲ್ಲದ ಹುಡುಗನನ್ನು ನಾಲ್ಕು ವರ್ಷ ಇಟ್ಟುಕೊಂಡರೆ ಬರುವ ಲಾಭವೇನು? ಸಮವಸ್ತ್ರದ ಖರ್ಚು, ಅಭ್ಯಾಸದಲ್ಲಿ ನೂಕುನುಗ್ಗಲು. ನೂರೈವತ್ತರಷ್ಟು ಹುಡುಗರಿದ್ದ ತಂಡಗಳೂ ಅಲ್ಲಿ ಇದ್ದವಂತೆ. ಮೈದಾನದಲ್ಲಿ ಒಮ್ಮೆಗೆ ಆಡುವವರು ಹನ್ನೊಂದೇ ಮಂದಿ. ಹಾಗಿದ್ದೂ ಅವರೆಲ್ಲರನ್ನೂ ಇಟ್ಟುಕೊಂಡ ಕಾರಣದಿಂದ, ಆ ಕೋಚ್‌ನ ವೃತ್ತಿಜೀವನಕ್ಕೆ ಆಡದವರ ಸಾಕ್ಷಿಯೂ ದೊರೆಯಿತು. ಬೇರೆ ಯಾವ ತಂಡದಲ್ಲಾದರೂ ಮೊದಲ ವಾರವೇ ಮನೆಗೆ ಕಳಿಸಬಹುದಾಗಿದ್ದ ಒಬ್ಬರು ನನ್ನ ಪಕ್ಕ ಕುಳಿತು ಸಾಕ್ಷಿ ಹೇಳುತ್ತಿದ್ದರು.

ಅವರನ್ನು ನೇರವಾಗಿಯೇ ಕೇಳಿದೆ: “ಆಡದೆ ನಾಲ್ಕು ವರ್ಷ ಇದ್ದದ್ದರಿಂದ ನಿಮಗೆ ಸಿಕ್ಕಿದ್ದೇನು?”

ಸ್ವಲ್ಪ ಹೊತ್ತು ಯೋಚಿಸಿ ಹೇಳಿದರು: “ಮೂವತ್ತು ವರ್ಷ ಗಣಿತ ಕಲಿಸಿದೆ. ಲೆಕ್ಕ ಬಾರದ ಹುಡುಗರ ಜೊತೆ ಹೇಗಿರಬೇಕೆಂದು ನನಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ.”

ಈ ಉತ್ತರವನ್ನು ಹಿಗ್ಗಿಸಿ ಸಿದ್ಧಾಂತ ಮಾಡುವ ಆಸೆಯನ್ನು ನಾನು ತಡೆಯಬೇಕಾಗುತ್ತದೆ. ಕಾಲೇಜ್‌ವಿಲ್‌ನ ಸ್ಥಿತಿ ಎಲ್ಲ ಕಡೆಯದಲ್ಲ. ಅದು ಸನ್ಯಾಸಿಗಳ ನೆರಳಿನಲ್ಲಿರುವ ಸಣ್ಣ ಸಂಸ್ಥೆ. ಅಲ್ಲಿಗೆ ಬರುವ ಹುಡುಗರು ಮನೆಯಿಂದಲೇ ಒಂದಿಷ್ಟು ಶಿಸ್ತು ತಂದಿರುತ್ತಾರೆ. ಕೋಟ್ಯಂತರ ಡಾಲರಿನ ದೂರದರ್ಶನ ಒಪ್ಪಂದಗಳು, ಮೂರು ಸೋಲಿಗೆ ಕೋಚ್‌ನ ತಲೆದಂಡ ಕೇಳುವ ಜನ, ಇವೆಲ್ಲ ದೊಡ್ಡ ವಿಶ್ವವಿದ್ಯಾಲಯಗಳ ಪಾಡು. ಗೆದ್ದು ಬೇರೂರಿದ ಮೇಲೆ ಗಲಾರ್ಡಿಯವರನ್ನು ಪ್ರಶ್ನಿಸುವವರೂ ಕಡಿಮೆಯಾಗಿರಬೇಕು. ಇನ್ನೊಂದು ಸಂದೇಹವನ್ನೂ ಮುಚ್ಚಿಡಲಾರೆ: ಎಂಬತ್ತಾರರವರೆಗೆ ಒಂದೇ ಕುರ್ಚಿಯಲ್ಲಿ ಕೂರುವುದು ನಿಷ್ಠೆಯೋ, ಬಿಡಲಾಗದ ಮೋಹವೋ? ಕೊನೆಯ ಕೆಲವು ವರ್ಷಗಳಲ್ಲಿ ತಂಡ ಮೊದಲಿನಂತೆ ಗೆಲ್ಲಲಿಲ್ಲ. ಅಷ್ಟೆಲ್ಲವನ್ನು ‘ಬೇಡ’ ಎಂದು ಬಿಡಬಲ್ಲವರಾಗಿದ್ದ ಅವರು ಹುದ್ದೆಯನ್ನು ಇನ್ನೂ ಮುಂಚೆ ಬಿಡಬಹುದಿತ್ತೆಂದು ನನಗನಿಸುತ್ತದೆ. ನಿವೃತ್ತಿಯ ವಯಸ್ಸನ್ನು ಸರ್ಕಾರವೇ ನಿಗದಿ ಮಾಡುವ ನಮ್ಮಂಥವರಿಗೆ ಇದನ್ನು ಹೇಳುವುದು ಸುಲಭ, ಅದೂ ನಿಜ.

ಆದರೆ ಒಂದು ಸಂಗತಿ ಸಂದೇಹಕ್ಕೆ ನಿಲುಕದು. ಹಿಂದೆ ಏಕಾಂಗಿಯ ಹುಚ್ಚಾಟವೆಂದು ಕಂಡದ್ದರ ಕಡೆಗೆ ಆಟ ತಾನಾಗಿ ಸರಿಯುತ್ತಿದೆ. 2001ರಲ್ಲಿ ಇದೇ ಮಿನ್ನೆಸೋಟದಲ್ಲಿ, ವೃತ್ತಿಪರ ವೈಕಿಂಗ್ಸ್ ತಂಡದ ಕೋರಿ ಸ್ಟ್ರಿಂಗರ್ ತರಬೇತಿ ಶಿಬಿರದಲ್ಲಿ ಬಿಸಿಲಾಘಾತದಿಂದ ತೀರಿಕೊಂಡ ಮೇಲೆ ನೀರು, ನೆರಳು, ಬಿಡುವುಗಳ ಮಾತು ಎಲ್ಲ ಹಂತದಲ್ಲೂ ಬಂತು. ತಲೆಗೆ ಬೀಳುವ ಪೆಟ್ಟುಗಳು ಮಿದುಳನ್ನು ಹೇಗೆ ತಿನ್ನುತ್ತವೆಂಬುದು ಬಯಲಾಗುತ್ತ ಬಂತು. ಬಾಸ್ಟನ್ ವಿಶ್ವವಿದ್ಯಾಲಯದವರು 2017ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಕುಟುಂಬಗಳು ದಾನ ಮಾಡಿದ್ದ 111 ಮಾಜಿ ವೃತ್ತಿಪರ ಆಟಗಾರರ ಮಿದುಳುಗಳ ಪೈಕಿ 110ರಲ್ಲಿ ಅಂಥ ಪೆಟ್ಟುಗಳಿಂದ ಬರುವ ಮಿದುಳಿನ ಕಾಯಿಲೆಯ ಗುರುತಿತ್ತು. ಡಾರ್ಟ್‌ಮತ್ ಕಾಲೇಜು 2010ರಲ್ಲಿ ಅಭ್ಯಾಸದ ಟ್ಯಾಕಲ್ ನಿಲ್ಲಿಸಿತು. 2016ರಲ್ಲಿ ಐವಿ ಲೀಗ್ ಎಂಬ ಒಕ್ಕೂಟದ ಎಂಟೂ ಸಂಸ್ಥೆಗಳ ಕೋಚ್‌ಗಳು ಋತುವಿನ ಅಭ್ಯಾಸಗಳಲ್ಲಿ ಅದು ಬೇಡವೆಂದು ಒಮ್ಮತದಿಂದ ನಿರ್ಧರಿಸಿದರು. ಇವರಿಗೆ ವಿಜ್ಞಾನದ ಆಧಾರವಿತ್ತು. ಟ್ರಿನಿಡಾಡಿನ ಹುಡುಗನಿಗೆ ಇದ್ದದ್ದು, ನೋಯುತ್ತಿದೆ ಎಂಬ ಅರಿವು ಮತ್ತು ಇದರಿಂದ ಏನು ಪ್ರಯೋಜನ ಎಂಬ ಪ್ರಶ್ನೆ.

ಪಂದ್ಯ ಮುಗಿದು ಜನ ದಿಬ್ಬ ಹತ್ತುವಾಗ ನೆರೆಯವರಿಗೆ ಹಳೆಯ ಗೆಳೆಯರು ಸಿಕ್ಕರು. ಅವರಲ್ಲಿ 1976ರ ರಾಷ್ಟ್ರೀಯ ಪ್ರಶಸ್ತಿಯ ತಂಡದಲ್ಲಿ ಆಡಿದ್ದವರೊಬ್ಬರು, ಆಡದವರಿಬ್ಬರು. ಆಡಿದವರು ಯಾರು, ಆಡದವರು ಯಾರು ಎಂದು ಅವರ ಮಾತಿನ ಧಾಟಿಯಿಂದ ನನಗೆ ಗುರುತು ಹಿಡಿಯಲಾಗಲಿಲ್ಲ. ನೆರೆಯವರು ಕಾರಿನಲ್ಲಿ ಹೇಳಿದ ಮೇಲೆ ತಿಳಿಯಿತು. ಗಲಾರ್ಡಿಯವರ 489 ಗೆಲುವುಗಳಿಗಿಂತ ಇದನ್ನು ನಾನು ಒಂದು ತೂಕ ಹೆಚ್ಚೆಂದು ಎಣಿಸುತ್ತೇನೆ.

ನನ್ನಂತೆ ಪಾಠ ಹೇಳಿದವರಲ್ಲಿ, ಈಗಲೂ ಹೇಳುತ್ತಿರುವವರಲ್ಲಿ ಒಂದು ಕೋರಿಕೆ. ಹಳೆಯ ವಿದ್ಯಾರ್ಥಿಗಳ ಸಮಾವೇಶಗಳು ಈಗ ಊರೂರಿನಲ್ಲೂ ನಡೆಯುತ್ತಿವೆ. ಶಾಲು ಹೊದಿಸಿಕೊಳ್ಳಿ, ಬಂದವರ ಮಾತುಗಳನ್ನು ಸಂತೋಷದಿಂದಲೇ ಕೇಳಿ. ಆಮೇಲೆ ಆ ಬ್ಯಾಚಿನಲ್ಲಿ ಓದು ಅರ್ಧಕ್ಕೆ ಬಿಟ್ಟವರಲ್ಲಿ ಒಬ್ಬರ ಫೋನ್ ನಂಬರನ್ನು ಯಾರಿಂದಲಾದರೂ ಪಡೆದು, ನೀವೇ ಒಮ್ಮೆ ಕರೆ ಮಾಡಿ ಮಾತನಾಡಿ.